ನಾಯಿಯ ಮನಸ್ಸನ್ನು ಓದಿದ ಡಾರ್ವಿನ್

ಚಾರ್ಲ್ಸ್ ಡಾರ್ವಿನ್ ಎಂದೊಡನೆ ವಿಜ್ಞಾನ ವಿದ್ಯಾರ್ಥಿಗಳಿಗೆ ಬೀಗಲ್ ಹಡಗು, ಗಲಾಪಗೋಸ್ ದ್ವೀಪಗಳು ಮತ್ತು ಜೀವವಿಕಾಸ ವಾದ ನೆನಪಾಗುತ್ತವೆ. ಅವರು ಬದುಕಿನುದ್ದಕ್ಕೂ ನಾಯಿಗಳ ಒಡನಾಡಿಯಾಗಿದ್ದರು ಎಂಬುದು ಹೆಚ್ಚಿನವರಿಗೆ ತಿಳಿದಿಲ್ಲ.

ಡಾರ್ವಿನ್ ಹುಟ್ಟಿದ್ದು 1809ರ ಫೆಬ್ರವರಿ 12ರಂದು, ಇಂಗ್ಲೆಂಡಿನ ಶ್ರೂಸ್‌ಬರಿಯಲ್ಲಿ. ಎಂಟನೇ ವಯಸ್ಸಿನಲ್ಲೇ ತಾಯಿಯನ್ನು ಕಳೆದುಕೊಂಡರು. ತೀರಾ ಚಿಕ್ಕವರಿದ್ದಾಗ ಒಮ್ಮೆ ಒಂದು ನಾಯಿಮರಿಯನ್ನು ಹೊಡೆದರು. ಅದು ಯಾವ ತಪ್ಪನ್ನೂ ಮಾಡಿರಲಿಲ್ಲ. ತನ್ನ ಬಲ ತೋರಿಸುವ ಖುಷಿಗಾಗಿ ಹೊಡೆದದ್ದು ಅಷ್ಟೆ. ಪೆಟ್ಟು ಜೋರಾಗಿರಲಿಲ್ಲ, ಮರಿ ಕೂಗಲೂ ಇಲ್ಲ. ಆದರೂ ಆ ತಪ್ಪು ಅವರನ್ನು ಬಿಡಲಿಲ್ಲ. 67ನೇ ವಯಸ್ಸಿನಲ್ಲಿ ಆತ್ಮಕಥೆ ಬರೆಯಲು ಕುಳಿತಾಗಲೂ ಹೊಡೆದ ಜಾಗ ಅವರಿಗೆ ಸರಿಯಾಗಿ ನೆನಪಿತ್ತು.

ತಂದೆ ವೈದ್ಯರು. ಮಗನನ್ನೂ ಎಡಿನ್‌ಬರೋದಲ್ಲಿ ವೈದ್ಯಕೀಯ ಓದಲು ಕಳುಹಿಸಿದರು. ಮಗ ಅದನ್ನು ಅರ್ಧಕ್ಕೇ ಬಿಟ್ಟ. ಬೇಟೆ, ನಾಯಿ, ಇಲಿ ಹಿಡಿಯುವುದು ಬಿಟ್ಟು ಬೇರೇನೂ ಬೇಡ ಈ ಹುಡುಗನಿಗೆ ಎಂದು ತಂದೆ ಬೈದದ್ದೂ ಉಂಟು.

1831ರಲ್ಲಿ ಡಾರ್ವಿನ್ ಬೀಗಲ್ ಹಡಗು ಹತ್ತಿದರು. ಐದು ವರ್ಷದ ನಂತರ ಮನೆಗೆ ಬಂದವರು ನೇರವಾಗಿ ಲಾಯದ ಬಳಿ ಹೋಗಿ, ಹಳೆಯ ರೀತಿಯಲ್ಲೇ ತಮ್ಮ ನಾಯಿಯನ್ನು ಕೂಗಿದರು. ಅಪರಿಚಿತರನ್ನು ಕಂಡರಾಗದ ಆ ನಾಯಿ, ಅರ್ಧ ಗಂಟೆ ಹಿಂದಷ್ಟೇ ಬಿಟ್ಟುಹೋಗಿದ್ದರೇನೋ ಎಂಬಂತೆ, ಸುಮ್ಮನೆ ಅವರ ಹಿಂದೆ ನಡೆಯಿತು.

ಮುಂದೆ ಡೌನ್ ಎಂಬ ಹಳ್ಳಿಯಲ್ಲಿ ನೆಲೆಸಿದಾಗ ಅವರ ಬಳಿ ಬಾಬ್ ಎಂಬ ದೊಡ್ಡ ನಾಯಿಯಿತ್ತು. ತಿರುಗಾಟಕ್ಕೆ ಹೊರಟರೆ ತಲೆ, ಬಾಲ ಮೇಲೆತ್ತಿ ಠೀವಿಯಿಂದ ಮುಂದೆ ನಡೆಯುತ್ತಿತ್ತು. ಡಾರ್ವಿನ್ ದಾರಿಯಲ್ಲಿ ತಮ್ಮ ಗಿಡಗಳ ಗಾಜಿನ ಮನೆಯತ್ತ ತಿರುಗಿದರೆ ಸಾಕು, ತಿರುಗಾಟ ತಪ್ಪಿತೆಂದು ಅದರ ತಲೆ ಬಾಗುತ್ತಿತ್ತು, ಕಿವಿ ಬಾಲಗಳು ಜೋತುಬೀಳುತ್ತಿದ್ದವು. ಆ ಸಪ್ಪೆ ಮುಖ ಮನೆಮಂದಿಗೆಲ್ಲ ತಮಾಷೆಯ ಮಾತಾಗಿತ್ತು.

ಇಂಥ ಗಮನಿಕೆಗಳೆಲ್ಲ 1872ರಲ್ಲಿ, ಮನುಷ್ಯ ಮತ್ತು ಪ್ರಾಣಿಗಳ ಭಾವಾಭಿವ್ಯಕ್ತಿ ಕುರಿತ ಅವರ ಪುಸ್ತಕದಲ್ಲಿ ಬಂದವು. ಎದುರಾಳಿಯನ್ನು ಕಂಡ ನಾಯಿ ಮೈ ಸೆಟೆದು ನಿಲ್ಲುತ್ತದೆ. ಬಾಲ ನೆಟ್ಟಗೆ, ಬೆನ್ನಿನ ಕೂದಲು ನಿಮಿರಿ, ಕಿವಿ ಮುಂದಕ್ಕೆ, ದೃಷ್ಟಿ ಕದಲದು. ಬಂದವನು ಯಜಮಾನ ಎಂದು ತಿಳಿದ ಕ್ಷಣ ಎಲ್ಲವೂ ತಿರುವುಮುರುವು: ಮೈ ಬಾಗುತ್ತದೆ, ಬಾಲ ಕೆಳಗಿಳಿದು ಅಲ್ಲಾಡುತ್ತದೆ, ಕೂದಲು ಮಲಗುತ್ತದೆ, ಕಿವಿ ಹಿಂದಕ್ಕೆ ಸರಿಯುತ್ತದೆ. ವಿರುದ್ಧ ಭಾವಕ್ಕೆ ವಿರುದ್ಧ ಭಂಗಿ ಎಂಬ ತತ್ವವನ್ನು ಅವರು ವಿವರಿಸಿದ್ದು ಹೀಗೆ. ಬಾಲವೊಂದನ್ನೇ ನೋಡಿದರೆ ಸಾಲದು, ಇಡೀ ಮೈಯನ್ನು ನೋಡಬೇಕು ಎಂಬುದು ಇದರಿಂದ ನಮಗೆ ಸಿಗುವ ಪಾಠ.

ಕೊನೆಗಾಲದಲ್ಲಿ ಅವರ ಜೊತೆಗಿದ್ದದ್ದು ಪಾಲಿ ಎಂಬ ಪುಟ್ಟ ನಾಯಿ. 1882ರ ಏಪ್ರಿಲ್ 19ರಂದು ಡಾರ್ವಿನ್ ತೀರಿಕೊಂಡರು. ಕೆಲವೇ ದಿನಗಳಲ್ಲಿ ಪಾಲಿಯೂ ಸತ್ತಿತು.

ಕಾಲೇಜಿಗೆ ಬರುವ ದಾರಿಯಲ್ಲಿ ನಮಗೂ ಬೀದಿ ನಾಯಿಗಳು ಎದುರಾಗುತ್ತವೆ. ಮೈ ಸೆಟೆದು ದಿಟ್ಟಿಸುವ ನಾಯಿ ಕಂಡರೆ ಓಡದೆ, ಅದರ ಕಣ್ಣನ್ನೇ ನೋಡದೆ, ನಿಧಾನವಾಗಿ ದೂರ ಸರಿಯೋಣ. ಮುದುಡಿ ಮಲಗಿದ್ದಕ್ಕೆ ಸುಮ್ಮನೆ ಕಲ್ಲೆಸೆಯುವ ಮುನ್ನ, ಒಂದು ಮರಿಗೆ ಕೊಟ್ಟ ಪೆಟ್ಟನ್ನು ಮುಪ್ಪಿನವರೆಗೂ ಮರೆಯದ ಆ ಹುಡುಗನನ್ನು ನೆನೆಯೋಣ.