ಅಂಕಗಳ ವಿವಾದಕ್ಕೆ ಗೆರೆ ಎಳೆದ ನ್ಯಾ. ಗಜೇಂದ್ರಗಡಕರ್

ಪರೀಕ್ಷಕರು ಕೊಟ್ಟ ಅಂಕವನ್ನು ನ್ಯಾಯಾಲಯ ತಿದ್ದಬಹುದೇ? ಲೋಕಸೇವಾ ಆಯೋಗದ ಆಯ್ಕೆಪಟ್ಟಿಯಿಂದ ಹೊರಗುಳಿದ ಅಭ್ಯರ್ಥಿಗಳು ಇಂದಿಗೂ ಈ ಪ್ರಶ್ನೆಯನ್ನು ಹೊತ್ತು ವಕೀಲರ ಬಾಗಿಲಿಗೆ ಹೋಗುತ್ತಾರೆ. ಅಲ್ಲಿ ಅವರಿಗೆ ಎದುರಾಗುವ ಮೊದಲ ತಡೆಗಳಲ್ಲೊಂದು ಆರು ದಶಕಗಳ ಹಿಂದಿನ ತೀರ್ಪು. ಅದನ್ನು ಬರೆದವರು ನ್ಯಾಯಮೂರ್ತಿ ಪ್ರಹ್ಲಾದ ಬಾಲಾಚಾರ್ಯ ಗಜೇಂದ್ರಗಡಕರ್.

ಹೆಸರೇ ಹೇಳುವಂತೆ ಮನೆತನದ ಮೂಲ ಇಂದಿನ ಗದಗ ಜಿಲ್ಲೆಯ ಗಜೇಂದ್ರಗಡ. ಹೊಸಪೇಟೆಯಿಂದ ಕೊಪ್ಪಳ ಜಿಲ್ಲೆಯನ್ನು ದಾಟಿದರೆ ಸಿಗುವ ಊರು. ಪೂರ್ವಿಕರು ಸಾತಾರೆಯಲ್ಲಿ ನೆಲೆಸಿದ್ದರಿಂದ ಪ್ರಹ್ಲಾದರು 1901ರ ಮಾರ್ಚ್ 16ರಂದು ಜನಿಸಿದ್ದು ಅಲ್ಲಿ. ತಂದೆ ಬಾಲಾಚಾರ್ಯರು ಸಂಸ್ಕೃತ ವಿದ್ವಾಂಸರು. ಕಾಲೇಜು ಶಿಕ್ಷಣಕ್ಕೆ ಬಾಲಕ ಬಂದದ್ದು ಧಾರವಾಡದ ಕರ್ನಾಟಕ ಕಾಲೇಜಿಗೆ. ಮುಂದೆ ಪುಣೆಯಲ್ಲಿ ಎಂ.ಎ. ಹಾಗೂ ಕಾನೂನು ಪದವಿ ಪಡೆದು 1926ರಲ್ಲಿ ಮುಂಬಯಿಯಲ್ಲಿ ವಕೀಲಿ ವೃತ್ತಿ ಆರಂಭಿಸಿದರು. 1945ರಲ್ಲಿ ಮುಂಬಯಿ ಹೈಕೋರ್ಟ್ ನ್ಯಾಯಾಧೀಶರಾದರು, 1957ರಲ್ಲಿ ಸುಪ್ರೀಂ ಕೋರ್ಟ್‌ಗೆ ಬಂದರು.

ಕರ್ನಾಟಕದ ಮಟ್ಟಿಗೆ ಅವರ ಅತಿ ಮುಖ್ಯ ತೀರ್ಪುಗಳಲ್ಲೊಂದು 1963ರ ಆಗಸ್ಟ್‌ನಲ್ಲಿ ಹೊರಬಂದಿತು. ಮೈಸೂರು ವಿಶ್ವವಿದ್ಯಾಲಯವು ಬೆಂಗಳೂರಿನ ಸೆಂಟ್ರಲ್ ಕಾಲೇಜಿನ ಇಂಗ್ಲಿಷ್ ರೀಡರ್ ಹುದ್ದೆಗೆ ಮಾಡಿದ ನೇಮಕವನ್ನು ಸಿ.ಡಿ. ಗೋವಿಂದರಾವ್ ಎಂಬುವರು ಪ್ರಶ್ನಿಸಿದ್ದರು. ಪ್ರಥಮ ದರ್ಜೆ ಅಥವಾ ಉನ್ನತ ದ್ವಿತೀಯ ದರ್ಜೆಯ ಸ್ನಾತಕೋತ್ತರ ಪದವಿ, ಇಲ್ಲವೇ ಅದಕ್ಕೆ ಸಮಾನವಾದ ವಿದೇಶಿ ಪದವಿ ಬೇಕೆಂದು ಜಾಹೀರಾತು ಹೇಳಿತ್ತು. ಆಯ್ಕೆಯಾದವರು ಪಡೆದದ್ದು ಶೇ. 50.2 ಅಂಕ. ಇಂಗ್ಲೆಂಡಿನ ಡರ್ಹಮ್ ವಿಶ್ವವಿದ್ಯಾಲಯದ ಪದವಿಯೂ ಅವರಿಗಿತ್ತು. ಐವತ್ತನ್ನು ಕೂದಲೆಳೆಯಷ್ಟು ದಾಟಿದ ಅಂಕ ಉನ್ನತ ದ್ವಿತೀಯ ದರ್ಜೆ ಹೇಗಾದೀತು ಎಂದು ಮೈಸೂರು ಹೈಕೋರ್ಟ್ ನೇಮಕವನ್ನು ರದ್ದುಪಡಿಸಿತು. ಸಾಮಾನ್ಯ ಓದುಗನಿಗೂ ಅದೇ ಸರಿ ಎನಿಸೀತು.

ಗಜೇಂದ್ರಗಡಕರ್ ಒಪ್ಪಲಿಲ್ಲ. ಅರ್ಹತೆಯನ್ನು ತೂಗಿದ್ದು ವಿಷಯತಜ್ಞರಿದ್ದ ಮಂಡಳಿ. ವಿದೇಶಿ ಪದವಿಯ ಸಮಾನತೆಯನ್ನು ನಿರ್ಧರಿಸುವ ಹೊಣೆಯೂ ಅದರದೇ. ಮಂಡಳಿಯ ಮೇಲೆ ದುರುದ್ದೇಶದ ಆರೋಪವಿಲ್ಲದಿರುವಾಗ, ಶಾಸನಬದ್ಧ ನಿಯಮದ ಉಲ್ಲಂಘನೆಯೂ ಕಾಣದಿರುವಾಗ ನ್ಯಾಯಾಲಯ ತಜ್ಞರ ಅಭಿಪ್ರಾಯದ ಜಾಗದಲ್ಲಿ ತನ್ನದನ್ನು ಕೂರಿಸಲು ಹಿಂಜರಿಯಬೇಕು ಎಂಬುದು ಅವರ ನಿಲುವಿನ ಸಾರ. ನೇಮಕ ಉಳಿಯಿತು.

ಅದಕ್ಕೂ ಮುನ್ನ, ಉತ್ತರ ಪ್ರದೇಶದ ಪರೀಕ್ಷಾ ಮಂಡಳಿಯ ನಕಲು ಪ್ರಕರಣವೊಂದರಲ್ಲಿಯೂ ಅವರು ಇದೇ ದಾರಿ ಹಿಡಿದಿದ್ದರು. ಅಕ್ಕಪಕ್ಕ ಕುಳಿತ ಇಬ್ಬರ ಉತ್ತರಗಳಲ್ಲಿ ಒಂದೇ ಬಗೆಯ ತಪ್ಪುಗಳಿದ್ದವು. ನಕಲಿಗೆ ಕಣ್ಣಾರೆ ಕಂಡ ಸಾಕ್ಷಿಯೇ ಬೇಕೆಂದು ಹಟ ಹಿಡಿಯಲಾಗದೆಂದು ಮಂಡಳಿಯ ಕ್ರಮವನ್ನು ಎತ್ತಿಹಿಡಿದರು.

ಹಾಗೆಂದು ಅವರು ಸರ್ಕಾರ ಮಾಡಿದ್ದೆಲ್ಲವನ್ನೂ ಒಪ್ಪುವವರಲ್ಲ. ವೃತ್ತಿಶಿಕ್ಷಣ ಕಾಲೇಜುಗಳಲ್ಲಿ ಶೇ. 68ರಷ್ಟು ಸೀಟುಗಳನ್ನು ಮೀಸಲಿಟ್ಟ ಮೈಸೂರು ಸರ್ಕಾರದ ಆದೇಶವನ್ನು 1962ರ ಬಾಲಾಜಿ ಪ್ರಕರಣದಲ್ಲಿ ತಳ್ಳಿಹಾಕಿದ್ದೂ ಇವರೇ. ಆ ತೀರ್ಪಿನ ಚರ್ಚೆ ಬೇರೆಯೇ ಇದೆ. ಸಂವಿಧಾನದ ಪ್ರಶ್ನೆ ಬಂದಾಗ ಕೈಹಾಕುವುದು, ಅಂಕ ಹಾಕುವ ಕೆಲಸವನ್ನು ಪರೀಕ್ಷಕರಿಗೇ ಬಿಡುವುದು ಅವರಿಗೆ ವಿರೋಧವೆನಿಸಲಿಲ್ಲ.

1964ರ ಫೆಬ್ರುವರಿಯಿಂದ 1966ರ ಮಾರ್ಚ್‌ವರೆಗೆ ದೇಶದ ಮುಖ್ಯ ನ್ಯಾಯಮೂರ್ತಿಯಾಗಿದ್ದ ಅವರು ನಿವೃತ್ತಿಯ ಬಳಿಕ ಮುಂಬಯಿ ವಿಶ್ವವಿದ್ಯಾಲಯದ ಕುಲಪತಿಯಾದರು. ಪರೀಕ್ಷೆ ನಡೆಸುವವರ ಪಾಡು ಆಗ ಅವರದೇ ಪಾಡಾಯಿತು. ಕಾರ್ಮಿಕರ ರಾಷ್ಟ್ರೀಯ ಆಯೋಗ, ಕಾನೂನು ಆಯೋಗಗಳನ್ನೂ ಮುನ್ನಡೆಸಿದರು. 1981ರ ಜೂನ್ 12ರಂದು ನಿಧನರಾದರು.

ತಜ್ಞರ ಮೇಲಿನ ಈ ಭರವಸೆ ಬಡ ಅಭ್ಯರ್ಥಿಗೆ ದುಬಾರಿಯಾಗುತ್ತದೆ ಎಂಬ ಆಕ್ಷೇಪದಲ್ಲಿ ತಿರುಳಿದೆ. ನ್ಯಾಯಾಲಯಗಳೂ ಅದನ್ನು ಕಂಡುಕೊಂಡವು. 1983ರ ಕಾನ್ಪುರ ವಿಶ್ವವಿದ್ಯಾಲಯ ಪ್ರಕರಣದಲ್ಲಿ, ಕೀ ಉತ್ತರ ತಪ್ಪೆಂಬುದು ನಿಸ್ಸಂದೇಹವಾಗಿ ಸಾಬೀತಾದರೆ ಮಧ್ಯಪ್ರವೇಶ ಸಾಧ್ಯವೆಂದು ಸುಪ್ರೀಂ ಕೋರ್ಟ್ ಒಪ್ಪಿತು. ಕೆಪಿಎಸ್‌ಸಿ 1998ರ ಗೆಜೆಟೆಡ್ ಪ್ರೊಬೇಷನರ್ ಪರೀಕ್ಷೆಯ ಮೌಲ್ಯಮಾಪನದ ವಿವಾದ 2005ರಲ್ಲಿ ಕೆ. ಚನ್ನೇಗೌಡ ಪ್ರಕರಣವಾಗಿ ದೆಹಲಿ ತಲುಪಿದಾಗ, ಉತ್ತರಪತ್ರಿಕೆ ತಿದ್ದಿದ ವಿಧಾನವೇ ವಿಚಾರಣೆಗೆ ಒಳಪಟ್ಟಿತು.

ಹಂಪಿಯ ಕನ್ನಡ ವಿಶ್ವವಿದ್ಯಾಲಯದಂಥ ಸಂಸ್ಥೆಗಳ ಅಧ್ಯಾಪಕ ನೇಮಕಗಳಿಗೂ ಗೋವಿಂದರಾವ್ ಪ್ರಕರಣದ ತತ್ವ ಅನ್ವಯಿಸುತ್ತದೆ. ಹೊಸಪೇಟೆ, ಸಂಡೂರು, ಕಂಪ್ಲಿಯ ಕೆಪಿಎಸ್‌ಸಿ ಅಭ್ಯರ್ಥಿ ತನ್ನ ದೂರನ್ನು ಮೊದಲು ಒಯ್ಯಬೇಕಾದದ್ದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ. ಅಲ್ಲಿ ಸೋತರೆ ಹೈಕೋರ್ಟ್. ಈ ಭಾಗದವರಿಗೆ ಆ ಪೀಠವಿರುವುದು, ಗಜೇಂದ್ರಗಡಕರ್ ಓದಿದ ಧಾರವಾಡದಲ್ಲಿ.