ಮಂತ್ರಿಯಾಗದೆ ಮಲೆನಾಡನ್ನು ಬದಲಿಸಿದ ಚಿಂತಕ ಶಾಂತವೇರಿ ಗೋಪಾಲಗೌಡ

ಶಿವಮೊಗ್ಗ: ಸೊರಬ ಮತ್ತು ಶಿಕಾರಿಪುರ ಎಂದೊಡನೆ ನೆನಪಾಗುವವರು ಮುಖ್ಯಮಂತ್ರಿಗಳು. ಸೊರಬದ ಎಸ್. ಬಂಗಾರಪ್ಪ, ಶಿಕಾರಿಪುರದ ಬಿ.ಎಸ್. ಯಡಿಯೂರಪ್ಪ ಇಬ್ಬರೂ ಆ ಹುದ್ದೆಗೇರಿದವರು. ಆದರೆ ಈ ಸೀಮೆಯ ಗೇಣಿದಾರರಲ್ಲಿ ರಾಜಕೀಯ ಪ್ರಜ್ಞೆ ಬಿತ್ತಿದವರಲ್ಲಿ ಅಗ್ರಗಣ್ಯರಾದ ಸಮಾಜವಾದಿ ನಾಯಕ ಶಾಂತವೇರಿ ಗೋಪಾಲಗೌಡರು ಒಮ್ಮೆಯೂ ಮಂತ್ರಿಯಾಗಲಿಲ್ಲ.

1923ರ ಮಾರ್ಚ್ 14ರಂದು ಜನಿಸಿದ ಗೋಪಾಲಗೌಡರು ಬೆಳೆದದ್ದು ತೀರ್ಥಹಳ್ಳಿ ತಾಲ್ಲೂಕಿನ ಆರಗದಲ್ಲಿ. 1942ರಲ್ಲಿ ಶಿಕಾರಿಪುರ ತಾಲ್ಲೂಕಿನ ಈಸೂರು ತಾನು ಸ್ವತಂತ್ರವೆಂದು ಘೋಷಿಸಿಕೊಂಡಿತು. ಮರುವರ್ಷ ಮಾರ್ಚ್‌ನಲ್ಲಿ ಆ ಊರಿನ ಐವರು ನೇಣುಗಂಬವೇರಿದರು. ಅದೇ ಚಳವಳಿಯಲ್ಲಿ ಸೆರೆವಾಸ ಅನುಭವಿಸಿದ ಗೋಪಾಲಗೌಡರು ಮುಂದೆ ರಾಮಮನೋಹರ ಲೋಹಿಯಾ ಅವರ ವಿಚಾರಗಳಿಗೆ ಒಲಿದರು.

ಕೊಳಗದ ರಾಜಕಾರಣ

ಸ್ವಾತಂತ್ರ್ಯ ಬಂದರೂ ಗೇಣಿದಾರರ ಬದುಕು ಬದಲಾಗಿರಲಿಲ್ಲ. ಸೊರಬಕ್ಕೆ ಹೊಂದಿಕೊಂಡ ಸಾಗರ ತಾಲ್ಲೂಕಿನ ಕಾಗೋಡಿನಲ್ಲಿ ಭೂಮಾಲೀಕರು ಗೇಣಿಯ ಭತ್ತವನ್ನು ನಿಗದಿತ ಅಳತೆಗಿಂತ ದೊಡ್ಡ ಕೊಳಗದಲ್ಲಿ ಅಳೆದುಕೊಳ್ಳುತ್ತಿದ್ದರು. ಎಚ್. ಗಣಪತಿಯಪ್ಪನವರು ಸಂಘಟಿಸಿದ ಗೇಣಿದಾರರು ಇದನ್ನು ಪ್ರಶ್ನಿಸಿದಾಗ ಉಳುಮೆಯ ಹಕ್ಕನ್ನೇ ಕಳೆದುಕೊಳ್ಳಬೇಕಾಯಿತು. 1951ರ ಏಪ್ರಿಲ್‌ನಲ್ಲಿ ಸತ್ಯಾಗ್ರಹ ಆರಂಭವಾಯಿತು. ರೈತರು ನಿಷೇಧ ಮುರಿದು ಗದ್ದೆಗಿಳಿದು ಬಂಧನಕ್ಕೊಳಗಾದರು. ಹೋರಾಟದ ಮುಂಚೂಣಿಯಲ್ಲಿ ಗೋಪಾಲಗೌಡರಿದ್ದರು. ಜೂನ್‌ನಲ್ಲಿ ಲೋಹಿಯಾ ಅವರೇ ಬಂದು ಬಂಧಿತರಾದರು.

ಇಟಲಿಯ ಚಿಂತಕ ಆಂಟೋನಿಯೋ ಗ್ರಾಮ್ಶಿ ಸೆರೆಮನೆಯಲ್ಲಿ ಕುಳಿತು ಬರೆದ ಟಿಪ್ಪಣಿಗಳ ಒಂದು ಮುಖ್ಯ ವಿಚಾರ ಇಲ್ಲಿ ನೆನಪಾಗುತ್ತದೆ. ಆಳುವವರ ಅಧಿಕಾರ ಬರಿಯ ಬಲದಿಂದ ನಿಲ್ಲುವುದಿಲ್ಲ, ಆಳಿಸಿಕೊಳ್ಳುವವರ ಒಪ್ಪಿಗೆಯಿಂದಲೂ ನಿಲ್ಲುತ್ತದೆ ಎಂಬುದು ಅದರ ಸಾರ. ಒಡೆಯನ ಕೊಳಗವೇ ಸರಿಯಾದ ಅಳತೆಯೆಂದು ತಲೆಮಾರುಗಳಿಂದ ಒಪ್ಪಿದ್ದ ರೈತ ಅದನ್ನು ಅನುಮಾನಿಸಿದ ದಿನವೇ ಮಲೆನಾಡಿನ ರಾಜಕಾರಣ ತಿರುವು ಪಡೆಯಿತು.

ಸದನದ ದನಿ

1952ರ ಚುನಾವಣೆಯಲ್ಲಿ ಸಾಗರ-ಹೊಸನಗರ ಕ್ಷೇತ್ರದಿಂದ ಗೆದ್ದ ಗೋಪಾಲಗೌಡರು, 1957ರಲ್ಲಿ ಸೋತು, 1962 ಮತ್ತು 1967ರಲ್ಲಿ ತೀರ್ಥಹಳ್ಳಿಯಿಂದ ಮರಳಿ ಆಯ್ಕೆಯಾದರು. ಮತದೊಂದಿಗೆ ಒಂದು ನೋಟನ್ನೂ ಕೇಳಿ, ಜನರ ಹಣದಿಂದಲೇ ಚುನಾವಣೆ ಎದುರಿಸಿದ ಅಪರೂಪದ ರಾಜಕಾರಣಿ ಅವರು. ಉಳುವವನಿಗೇ ಭೂಮಿ, ಕನ್ನಡದಲ್ಲೇ ಆಡಳಿತ, ರಾಜ್ಯಕ್ಕೆ ಕರ್ನಾಟಕವೆಂಬ ಹೆಸರು ಇವು ಅವರ ನಿರಂತರ ಒತ್ತಾಯಗಳಾಗಿದ್ದವು. ಸಾಹಿತ್ಯ, ಸಂಗೀತಗಳಲ್ಲಿ ಅವರಿಗಿದ್ದ ಆಸಕ್ತಿ ಹಲವು ಲೇಖಕರನ್ನು ಹತ್ತಿರಕ್ಕೆ ತಂದಿತು. ಯು.ಆರ್. ಅನಂತಮೂರ್ತಿಯವರ 'ಅವಸ್ಥೆ' ಕಾದಂಬರಿಗೆ ಅವರ ಬದುಕೇ ಪ್ರೇರಣೆ. ಸೊರಬದ ಬಂಗಾರಪ್ಪನವರೂ 1967ರಲ್ಲಿ ಮೊದಲ ಬಾರಿಗೆ ವಿಧಾನಸಭೆ ಪ್ರವೇಶಿಸಿದ್ದು ಸಮಾಜವಾದಿಯಾಗಿಯೇ.

ಅನಾರೋಗ್ಯದಿಂದ ಬಳಲಿದ ಗೋಪಾಲಗೌಡರು 1972ರ ಜೂನ್ 9ರಂದು, 49ನೇ ವಯಸ್ಸಿನಲ್ಲಿ ನಿಧನರಾದರು. ಮರುವರ್ಷ ನವೆಂಬರ್ 1ರಂದು ರಾಜ್ಯ ಕರ್ನಾಟಕವಾಯಿತು. 1974ರಲ್ಲಿ ದೇವರಾಜ ಅರಸು ಸರ್ಕಾರದ ಭೂಸುಧಾರಣಾ ತಿದ್ದುಪಡಿ ಜಾರಿಗೆ ಬಂದು ಗೇಣಿ ಪದ್ಧತಿ ಕೊನೆಗೊಂಡಿತು. ಎರಡನ್ನೂ ನೋಡಲು ಅವರಿರಲಿಲ್ಲ.

2020ರಲ್ಲಿ, ಶಿಕಾರಿಪುರದ ಶಾಸಕರೇ ಮುಖ್ಯಮಂತ್ರಿಯಾಗಿದ್ದ ಕಾಲದಲ್ಲಿ, ಅದೇ ಕಾಯ್ದೆ ಮತ್ತೆ ತಿದ್ದುಪಡಿಯಾಗಿ ಕೃಷಿಕರಲ್ಲದವರೂ ಕೃಷಿ ಭೂಮಿ ಕೊಳ್ಳಲು ಹಾದಿ ತೆರೆಯಿತು. ಅದರಿಂದ ಕೃಷಿಗೆ ಬಂಡವಾಳ ಹರಿದುಬರುತ್ತದೆಂದು ಸರ್ಕಾರ ಸಮರ್ಥಿಸಿಕೊಂಡರೆ, ಭೂಮಿ ರೈತರ ಕೈತಪ್ಪುತ್ತದೆಂದು ರೈತ ಸಂಘಟನೆಗಳು ಬೀದಿಗಿಳಿದವು. ಕಾಗೋಡಿನಲ್ಲಿ ಎದ್ದ ಪ್ರಶ್ನೆ, ಅಂದರೆ ಭೂಮಿ ಯಾರದು ಮತ್ತು ಅದರ ಅಳತೆ ನಿರ್ಧರಿಸುವವರು ಯಾರು ಎಂಬ ಪ್ರಶ್ನೆ, ಗೋಪಾಲಗೌಡರೊಂದಿಗೆ ಮುಗಿದುಹೋಗಿಲ್ಲ.