ಪ್ರತ್ಯಕ್ಷವಾಗಿ ಕಂಡರೂ ಪ್ರಮಾಣಿಸಿ ನೋಡು: ಜಾದೂಗಾರ ಕ್ಲೇಟನ್ ರಾಸನ್



ನಮ್ಮ ಬೇವೂರು, ಯಲಬುರ್ಗಾ, ಕುಷ್ಟಗಿ ಕಡೆಯ ಜಾತ್ರೆ, ಉರುಸುಗಳಲ್ಲಿ ಜಾದೂ ಆಟ ನೋಡಿ ನೀವು ಚಪ್ಪಾಳೆ ತಟ್ಟಿರಬಹುದು. ಖಾಲಿ ಕೈಯಲ್ಲಿ ನಾಣ್ಯ ಹೇಗೆ ಬಂತೆಂದು ಎಂದಾದರೂ ಯೋಚಿಸಿದ್ದೀರಾ? ಈ ಒಂದು ಪ್ರಶ್ನೆಯನ್ನೇ ಬಂಡವಾಳ ಮಾಡಿಕೊಂಡು ಹೆಸರಾಂತ ಪತ್ತೇದಾರಿ ಕಾದಂಬರಿ ಬರೆದ ಜಾದೂಗಾರನೊಬ್ಬನ ಬದುಕನ್ನು ಇಲ್ಲಿ ಪರಿಚಯಿಸುತ್ತಿದ್ದೇನೆ.

ಕ್ಲೇಟನ್ ರಾಸನ್ ಹುಟ್ಟಿದ್ದು 1906ರ ಆಗಸ್ಟ್ 15ರಂದು, ಅಮೆರಿಕದ ಓಹಾಯೊ ರಾಜ್ಯದ ಇಲೀರಿಯಾದಲ್ಲಿ. ಬಾಲ್ಯದಲ್ಲಿಯೇ ಜಾದೂವಿನ ಗೀಳು ಹತ್ತಿತು. ಆದರೆ ಅದಕ್ಕಾಗಿ ಓದು ಬಿಡಲಿಲ್ಲ. ಓಹಾಯೊ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ ಪದವಿ ಪಡೆದರು. ಚಿತ್ರಕಲಾವಿದರಾಗಿ ದುಡಿದರು. ರಂಗದ ಮೇಲೆ 'ದಿ ಗ್ರೇಟ್ ಮರ್ಲಿನಿ' ಎಂಬ ಹೆಸರಿನಿಂದ ಜಾದೂ ಪ್ರದರ್ಶನ ನೀಡಿದರು.

1938ರಲ್ಲಿ ಅವರ ಮೊದಲ ಕಾದಂಬರಿ 'ಡೆತ್ ಫ್ರಮ್ ಎ ಟಾಪ್ ಹ್ಯಾಟ್' ಪ್ರಕಟವಾಯಿತು. ಟಾಪ್ ಹ್ಯಾಟ್ ಎಂದರೆ ಜಾದೂಗಾರರು ಮೊಲ ಹೊರತೆಗೆಯುವ ಎತ್ತರದ ಟೊಪ್ಪಿಗೆ. ಮಂತ್ರವಿದ್ಯೆಯ ಹುಚ್ಚಿದ್ದ ಒಬ್ಬಾತ ಒಳಗಿನಿಂದ ಭದ್ರವಾಗಿ ಮುಚ್ಚಿದ ಕೋಣೆಯಲ್ಲಿ ಕೊಲೆಯಾಗಿ ಬಿದ್ದಿರುತ್ತಾನೆ. ಕೊಲೆಗಾರ ಹೊರಗೆ ಹೋದದ್ದು ಹೇಗೆ? ಪೊಲೀಸರು ದಿಕ್ಕು ತೋಚದೆ ಕುಳಿತಾಗ, ಜಾದೂ ಸಾಮಾನಿನ ಅಂಗಡಿ ನಡೆಸುವ ಮರ್ಲಿನಿ ಅದನ್ನು ಬಿಡಿಸುತ್ತಾನೆ. ಲೇಖಕರು ತಮ್ಮ ರಂಗದ ಹೆಸರನ್ನೇ ತಮ್ಮ ಪತ್ತೇದಾರನಿಗೆ ಕೊಟ್ಟಿದ್ದರು! ಮರುವರ್ಷವೇ ಇದು ಚಲನಚಿತ್ರವಾಯಿತು. 1981ರಲ್ಲಿ ಪತ್ತೇದಾರಿ ಲೇಖಕರೂ ವಿಮರ್ಶಕರೂ ಸೇರಿ ಆರಿಸಿದ ಮುಚ್ಚಿದ ಕೋಣೆಯ ರಹಸ್ಯಗಳ ಪಟ್ಟಿಯಲ್ಲಿ ಈ ಕೃತಿಗೆ 7ನೇ ಸ್ಥಾನ ದೊರೆಯಿತು.

ಒಮ್ಮೆ ರಾಸನ್ ಮತ್ತು ಅವರ ಗೆಳೆಯ, ಪ್ರಸಿದ್ಧ ಲೇಖಕ ಜಾನ್ ಡಿಕ್ಸನ್ ಕಾರ್ ನಡುವೆ ಒಂದು ಸವಾಲು ಎದ್ದಿತು. ಬಾಗಿಲು, ಕಿಟಕಿಗಳ ಸಂದುಗಳಿಗೆಲ್ಲ ಒಳಗಿನಿಂದ ಅಂಟುಕಾಗದ ಹಚ್ಚಿದ ಕೋಣೆಯಲ್ಲಿ ಕೊಲೆ ನಡೆಯಬೇಕು! ಕಾರ್ 1944ರಲ್ಲಿ ಒಂದು ಕಾದಂಬರಿಯಲ್ಲಿ, ರಾಸನ್ 1948ರಲ್ಲಿ ಒಂದು ಕಥೆಯಲ್ಲಿ ಅದಕ್ಕೆ ಬೇರೆ ಬೇರೆ ಉತ್ತರ ಕೊಟ್ಟರು. ಒಂದೇ ಲೆಕ್ಕಕ್ಕೆ ಎರಡು ದಾರಿಗಳಿರುತ್ತವೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ಬೇಕೆ?

ರಾಸನ್ ಬರೆದ ಮರ್ಲಿನಿ ಕಾದಂಬರಿಗಳು ನಾಲ್ಕೇ. 1945ರಲ್ಲಿ ಅಮೆರಿಕದ ಪತ್ತೇದಾರಿ ಲೇಖಕರ ಸಂಘವನ್ನು ಕಟ್ಟಿದವರಲ್ಲಿ ಅವರೂ ಒಬ್ಬರು. 1963ರಿಂದ 'ಎಲ್ಲರಿ ಕ್ವೀನ್ಸ್ ಮಿಸ್ಟರಿ ಮ್ಯಾಗಜಿನ್' ಪತ್ರಿಕೆಯ ವ್ಯವಸ್ಥಾಪಕ ಸಂಪಾದಕರಾಗಿ ಇತರರ ಬರಹಗಳನ್ನು ತಿದ್ದಿದರು. ಜಾದೂ ಕಲಿಸುವ ಪುಸ್ತಕಗಳನ್ನೂ ಬರೆದರು. 1971ರ ಮಾರ್ಚ್ 1ರಂದು ತೀರಿಕೊಂಡರು.

ವಿದ್ಯಾರ್ಥಿ ಮಿತ್ರರೇ, ಜಾದೂಗಾರನ ಗುಟ್ಟೆಲ್ಲ ನಮ್ಮ ಗಮನ ಬೇರೆಡೆಗೆ ಸೆಳೆಯುವುದರಲ್ಲಿದೆ. ಬಲಗೈ ಆಡುವಾಗ ಎಡಗೈ ತನ್ನ ಕೆಲಸ ಮುಗಿಸಿರುತ್ತದೆ. ರಂಗದ ಮೇಲೆ ಈ ಗುಟ್ಟನ್ನು ಕಾಯ್ದ ರಾಸನ್, ಪುಸ್ತಕದಲ್ಲಿ ಸುಳಿವುಗಳನ್ನೆಲ್ಲ ಓದುಗನ ಮುಂದಿಟ್ಟು ಅವನ ಬುದ್ಧಿಗೆ ಕೆಲಸ ಕೊಟ್ಟರು. ಜಾದೂ ಆಟದಲ್ಲಿ ಮೋಸಹೋದರೆ ನಮಗೆ ಸಂತೋಷ. ಜೀವನದಲ್ಲಿ ಮೋಸಹೋದರೆ ಮನೆಯೇ ಮುಳುಗುತ್ತದೆ. ಚಿನ್ನ ಇಮ್ಮಡಿ ಮಾಡುತ್ತೇನೆನ್ನುವವನು, ಫೂಂಕಿ ಕ್ಯಾನ್ಸರ್ ವಾಸಿ ಮಾಡುತ್ತೇನೆನ್ನುವವನು, ಬ್ಯಾಂಕಿನವನೆಂದು ಹೆದರಿಸಿ ಓಟಿಪಿ ಕೇಳುವವನು, ಎಲ್ಲರೂ ನಮ್ಮ ಕಣ್ಣನ್ನು ಬೇರೆಡೆಗೆ ತಿರುಗಿಸುವವರೇ.

ಪವಿತ್ರ ಕುರ್‌ಆನ್ ಮತ್ತೆ ಮತ್ತೆ ನಮ್ಮನ್ನು ಚಿಂತನೆಗೆ ಕರೆಯುತ್ತದೆ. ನಂಬಲರ್ಹನಲ್ಲದವನು ತಂದ ಸುದ್ದಿಯನ್ನು ಪರಿಶೀಲಿಸಬೇಕೆಂದು ಸೂರಃ ಅಲ್ ಹುಜುರಾತ್‌ನಲ್ಲಿ ಆದೇಶವಿದೆ. ಆದ್ದರಿಂದ ಪಾಠವನ್ನು ಬಾಯಿಪಾಠ ಮಾಡುವುದಕ್ಕೆ ನಿಲ್ಲಿಸದೆ, ಹೇಗೆ, ಏಕೆ ಎಂದು ನಿಮ್ಮ ಗುರುಗಳನ್ನು ಕೇಳಿರಿ. ಮನೆಯ ಹಿರಿಯರಿಗೆ ಇಂಥ ಕರೆ ಬಂದಾಗ ಪಕ್ಕದಲ್ಲಿ ನಿಂತು ಎಚ್ಚರಿಸಿರಿ. ನೀವು ಕಲಿತ ವಿದ್ಯೆ ಮೊದಲು ನಿಮ್ಮ ಮನೆಯನ್ನು ಕಾಯಲಿ.